ಮುನ್ನೂರು ಕೋಟಿ ಅಕ್ಷರ, ಒಂದು ಹಾಳೆ ವಂಶವೃಕ್ಷ: ಜೀನೋಮ್ ನಕ್ಷೆಯಿಂದ ಮಲೆನಾಡಿಗೆ ಏನಾಗಬೇಕು

ಲಂಡನ್ನಿನ ವೆಲ್‌ಕಮ್ ಸಂಗ್ರಹಾಲಯದ ಕಪಾಟೊಂದರಲ್ಲಿ ಮನುಷ್ಯನ ಜೀನೋಮ್, ಅಂದರೆ ಹೆತ್ತವರಿಂದ ಮಕ್ಕಳಿಗೆ ಇಳಿಯುವ ತಳಿಬರಹದ ಇಡೀ ಪಾಠ, ಪುಸ್ತಕವಾಗಿ ಅಚ್ಚಾಗಿ ನಿಂತಿದೆ. ನೂರಕ್ಕೂ ಹೆಚ್ಚು ಸಂಪುಟ, ಒಂದೊಂದಕ್ಕೂ ಸಾವಿರ ಪುಟ, ಕಣ್ಣಿಗೆ ಹತ್ತಿರ ಹಿಡಿದರೆ ಮಾತ್ರ ಕಾಣುವಷ್ಟು ಸಣ್ಣ ಅಚ್ಚು. ಯಾವ ಸಂಪುಟ ಬಿಚ್ಚಿದರೂ ಎ, ಸಿ, ಜಿ, ಟಿ ಎಂಬ ನಾಲ್ಕೇ ಅಕ್ಷರ, ಡಿಎನ್‌ಎಯ ನಾಲ್ಕು ಘಟಕಗಳ ಗುರುತು. ಪದಗಳ ನಡುವೆ ಬಿಡುವಿಲ್ಲ, ವಾಕ್ಯ ಮುಗಿದ ಗುರುತಿಲ್ಲ. ಲೆಕ್ಕ ಹಾಕಿದರೆ ಪುಟಕ್ಕೆ ಸುಮಾರು 30 ಸಾವಿರ ಅಕ್ಷರ ಬೀಳುತ್ತದೆ. ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ 1957ರಲ್ಲಿ ಪತ್ತೆಯಾದ ಮಂಗನ ಕಾಯಿಲೆಯ ವೈರಸ್ಸಿನ ಇಡೀ ಜೀನೋಮ್ ಸುಮಾರು 10,800 ಅಕ್ಷರದ್ದು. ಈ ಅಚ್ಚಿನಲ್ಲಿ ಅದು ಒಂದು ಪುಟದ ಮೂರನೇ ಒಂದು ಪಾಲಿನಲ್ಲಿ ಮುಗಿದುಹೋಗುತ್ತದೆ. ಮನುಷ್ಯನದು ಮುನ್ನೂರು ಕೋಟಿಗೂ ಮೇಲೆ.

ಕೆಳದಿಯ ವಸ್ತುಸಂಗ್ರಹಾಲಯದಲ್ಲಿ ತಾಳೆಗರಿ ನೋಡಿದವರಿಗೆ ಇಂಥ ಪುಟ ತೀರಾ ಹೊಸದಲ್ಲ. ಹಳೆಯ ಓಲೆಗಳಲ್ಲೂ ಪದಪದಕ್ಕೆ ಬಿಡುವು ಕೊಡುವ ರೂಢಿ ಇರಲಿಲ್ಲ. ಎಲ್ಲಿ ಒಡೆದು ಓದಬೇಕೆಂಬುದು ಓದುವವರಿಗೇ ತಿಳಿದಿರಬೇಕಿತ್ತು. ಒಂದೇ ಕಾವ್ಯದ ನಾಲ್ಕಾರು ಪ್ರತಿ ಸಿಕ್ಕರೆ ಅಲ್ಲೊಂದು ಇಲ್ಲೊಂದು ಅಕ್ಷರ ಬೇರೆ ಇರುತ್ತದೆ. ಸಂಪಾದಕರು ಒಂದು ಪಾಠವನ್ನು ಮೇಲೆ ಅಚ್ಚು ಹಾಕಿ, ಉಳಿದ ಪ್ರತಿಗಳ ವ್ಯತ್ಯಾಸವನ್ನು ಅಡಿಯಲ್ಲಿ ಪಾಠಾಂತರವೆಂದು ಕೊಡುತ್ತಾರೆ. ಜೀನೋಮ್ ಓದುವ ಪ್ರಯೋಗಾಲಯಗಳು ಮಾಡುವುದೂ ಇದನ್ನೇ. ಎಲ್ಲರೂ ಒಪ್ಪಿಕೊಂಡ ಒಂದು ಆಕರ ಪಾಠವಿದೆ. ಅದರ ಪಕ್ಕ ನಿಮ್ಮದನ್ನೋ ನನ್ನದನ್ನೋ ಇಟ್ಟರೆ 40ರಿಂದ 50 ಲಕ್ಷ ಕಡೆ ಪಾಠಾಂತರ ಸಿಗುತ್ತದೆ. ಹೆಚ್ಚಿನವು ಅರ್ಥ ಕೆಡಿಸುವುದಿಲ್ಲ. ಕೆಲವು ಒಂದೇ ಅಕ್ಷರದಲ್ಲಿ ಬದುಕನ್ನೇ ಕೆಡಿಸುತ್ತವೆ: 11ನೇ ವರ್ಣತಂತುವಿನ (ವರ್ಣತಂತು ಎಂದರೆ ಜೀನ್‌ಗಳು ಸಾಲಾಗಿ ಕೂತಿರುವ ಡಿಎನ್‌ಎ ಎಳೆ) ಬೀಟಾ ಗ್ಲೋಬಿನ್ ಜೀನ್‌ನಲ್ಲಿ ಜಿಎಜಿ ಎಂದು ಇರಬೇಕಾದ ಕಡೆ ಜಿಟಿಜಿ ಎಂದಾದರೆ, ಮತ್ತು ಅದು ತಾಯಿ ತಂದೆ ಇಬ್ಬರಿಂದಲೂ ಹಾಗೇ ಬಂದರೆ, ಕುಡುಗೋಲು ಕಣ ರೋಗ.

ಆ ಆಕರ ಪಾಠದ ಸುಮಾರು ಶೇ. 70 ಭಾಗ ಅಮೆರಿಕದ ಬಫಲೋ ನಗರದ ಸುತ್ತಿನ ಒಬ್ಬ ದಾನಿಯ ರಕ್ತದಿಂದ ಬಂದದ್ದು ಎಂಬುದನ್ನು ಮೊದಲೇ ಹೇಳಿಬಿಡಬೇಕು. ಅದು ಆದರ್ಶ ಮನುಷ್ಯನ ಪಾಠವಲ್ಲ. ಹೋಲಿಸಲು ಒಂದು ಪ್ರತಿ ಬೇಕಿತ್ತು, ಅದು ಸಿಕ್ಕಿತು, ಅಷ್ಟೆ.

ಜೀನೋಮ್ ಬಗ್ಗೆ ಯಾವುದೇ ಪುಸ್ತಕ ಕೈಗೆತ್ತಿಕೊಂಡರೂ ಮೊದಲು ಮುದ್ರಣದ ವರ್ಷ ನೋಡಬೇಕು. ಮನುಷ್ಯನಲ್ಲಿ ಒಂದು ಲಕ್ಷ ಜೀನ್ ಇವೆ ಎಂದಿದ್ದರೆ ಅದು 2001ಕ್ಕಿಂತ ಹಿಂದಿನ ಅಂದಾಜು. ಮೂವತ್ತರಿಂದ ನಲವತ್ತು ಸಾವಿರ ಎಂದಿದ್ದರೆ 2001ರ ಫೆಬ್ರವರಿಯ ಕರಡು ಪಾಠವನ್ನು ನೋಡಿ ಬರೆದದ್ದು. ಪ್ರೋಟೀನ್ ತಯಾರಿಸುವ ಜೀನ್‌ಗಳು ಸುಮಾರು 20 ಸಾವಿರ ಎಂಬುದು ಇಂದಿನ ಎಣಿಕೆ. 2003ರ ಏಪ್ರಿಲ್‌ನಲ್ಲಿ ಜೀನೋಮ್ ಪೂರ್ಣವಾಯಿತು ಎಂದು ಅಷ್ಟಕ್ಕೇ ನಿಲ್ಲಿಸಿದ ಪುಸ್ತಕಕ್ಕೆ ಒಂದು ತಿದ್ದುಪಡಿ ಸೇರಿಸಿಕೊಳ್ಳಬೇಕು: ಆಗ ಸುಮಾರು ಶೇ. 8ರಷ್ಟು ಓದಲಾಗದೆ ಉಳಿದಿತ್ತು. ವರ್ಣತಂತುಗಳ ನಡುಗಂಟಿನಲ್ಲಿ ಒಂದೇ ಸಾಲು ಸಾವಿರ ಸಲ ಬರುವ ಜಾಗಗಳವು. ತುಣುಕು ಓದಿ ಜೋಡಿಸುವಾಗ ಯಾವ ತುಣುಕು ಯಾವ ಸಾಲಿನದು ಎಂದು ತಿಳಿಯುತ್ತಿರಲಿಲ್ಲ. ಉದ್ದನೆಯ ತುಣುಕು ಓದುವ ಯಂತ್ರಗಳು ಬಂದ ಮೇಲೆ, 2022ರ ಮಾರ್ಚ್ ಕೊನೆಗೆ ಆ ಪಾಲೂ ಪ್ರಕಟವಾಯಿತು. ಒಬ್ಬರ ಬದಲು 47 ಜನರ ಪಾಠಗಳನ್ನು ಒಟ್ಟಿಗೆ ಹೆಣೆದ ಹೊಸ ಆಕರದ ಕರಡು ಬಂದದ್ದು 2023ರ ಮೇ ತಿಂಗಳಲ್ಲಿ.

ಈ ಪುಸ್ತಕಗಳಲ್ಲಿ ಓದುಗರನ್ನು ಹೆಚ್ಚು ದಾರಿ ತಪ್ಪಿಸುವ ಪದ ಮಾತ್ರ 'ನಕ್ಷೆ'. ಅದಕ್ಕೆ ಎರಡು ಅರ್ಥ. ಒಂದು, ಅಕ್ಷರ ಅಕ್ಷರ ಓದಿ ಬರೆದಿಟ್ಟ ಪಾಠ. ಇನ್ನೊಂದು ಅದಕ್ಕಿಂತ ಹಳೆಯದು: ವರ್ಣತಂತುವಿನ ಮೇಲೆ ಗುರುತುಕಲ್ಲು ನೆಟ್ಟು, ಯಾವ ಗುರುತು ಯಾವ ಕಾಯಿಲೆಯ ಜೊತೆ ತಲೆಮಾರಿನಿಂದ ತಲೆಮಾರಿಗೆ ಸಾಗುತ್ತದೆ ಎಂದು ನೋಡಿ ಜಾಗ ಹಿಡಿಯುವುದು. ಈ ಎರಡನೆಯ ನಕ್ಷೆ ಯಂತ್ರದಿಂದ ಬರೆದದ್ದಲ್ಲ, ಮನೆತನಗಳಿಂದ ಬರೆದದ್ದು. ಮಿದುಳಿನ ನರಕೋಶಗಳನ್ನು ಕ್ರಮೇಣ ಕೆಡಿಸುವ, ವಂಶದಲ್ಲಿ ಇಳಿಯುವ ಹಂಟಿಂಗ್ಟನ್ ಕಾಯಿಲೆಯ ಕಥೆ ಇದಕ್ಕೆ ಒಳ್ಳೆಯ ನಿದರ್ಶನ. ವೆನೆಜುವೆಲಾದ ಮರಕೈಬೊ ಸರೋವರದ ದಡದ ಬಡ ಮೀನುಗಾರರ ಹಳ್ಳಿಗಳಲ್ಲಿ ಅಮೆರಿಕದ ಸಂಶೋಧಕಿ ನ್ಯಾನ್ಸಿ ವೆಕ್ಸ್ಲರ್ ಮತ್ತು ಸಂಗಡಿಗರು ಮನೆಮನೆ ತಿರುಗಿ ಸಾವಿರಾರು ಜನರ ವಂಶವೃಕ್ಷ ಬರೆದರು. ಅದರ ಬಲದಿಂದ 1983ರಲ್ಲಿ ಕಾಯಿಲೆಯ ಜಾಗ 4ನೇ ವರ್ಣತಂತುವಿನ ತುದಿಯಲ್ಲಿ ಎಂದು ತಿಳಿಯಿತು. ಆ ಜಾಗದೊಳಗೆ ಜೀನ್ ಯಾವುದೆಂದು ಹುಡುಕಲು ಮತ್ತೆ ಹತ್ತು ವರ್ಷ, 1993ರ ತನಕ. ಇಂದಿನ ಯಂತ್ರಗಳು ಆ ಹತ್ತು ವರ್ಷವನ್ನು ಕೆಲವು ವಾರಕ್ಕೆ ಇಳಿಸುತ್ತವೆ. ಮನೆಮನೆ ತಿರುಗುವ ಕೆಲಸ ಮಾತ್ರ ಒಂದು ದಿನವೂ ಕಡಿಮೆಯಾಗಿಲ್ಲ. ಮಲೆನಾಡಿನ ಮಟ್ಟಿಗೆ ಇಡೀ ಚರ್ಚೆಯ ತಿರುಳು ಇದೇ.

ಹಂದಿಗೋಡು

ಸಾಗರ ತಾಲ್ಲೂಕಿನ ಹಂದಿಗೋಡಿನಲ್ಲಿ 1970ರ ದಶಕದ ನಡುವೆ ಭೂಮಿಯಿಲ್ಲದ ದಲಿತ ಕೂಲಿ ಕುಟುಂಬಗಳಲ್ಲಿ ಒಂದು ಕೀಲುಬೇನೆ ಕಾಣಿಸಿಕೊಂಡಿತು. ಸೊಂಟದ ಕೀಲು, ಮಂಡಿ ಹಿಡಿದುಕೊಂಡು, ಗದ್ದೆಗಿಳಿದು ಬಗ್ಗಲಾಗದ ಸ್ಥಿತಿ. ಮೊದಲು ಬಂದ ಅನುಮಾನ ಊಟದ ಮೇಲೆ. ಭತ್ತದ ಗದ್ದೆಗೆ ಕೀಟನಾಶಕ ಹೊಡೆಯುವುದು ಹೆಚ್ಚಿದ್ದ ಕಾಲ; ಅದೇ ಗದ್ದೆಯ ಏಡಿ, ಮೀನು ಈ ಮನೆಗಳ ಸಾರಿಗೆ ಬೀಳುತ್ತಿತ್ತು. ಆಮೇಲಿನ ಪರೀಕ್ಷೆಗಳಲ್ಲಿ, ಎಕ್ಸ್-ರೇ ಮತ್ತು ಮನೆತನದ ವಿವರ ಒಟ್ಟಿಗೆ ಇಟ್ಟು ನೋಡಿದಾಗ, ಇದು ಮೂಳೆಯ ಬೆಳವಣಿಗೆಯ ಅನುವಂಶೀಯ ದೋಷ, ಪ್ರಬಲ ಗುಣವಾಗಿ ಇಳಿಯುವಂಥದ್ದು ಎಂಬ ತೀರ್ಮಾನ ಬಂತು. ಮೂರು ಬಗೆ ಗುರುತಿಸಿದರು: ಸೊಂಟದ ಕೀಲಿಗೆ ಸೀಮಿತವಾದದ್ದು, ಬೆನ್ನುಮೂಳೆಯೂ ಚಪ್ಪಟೆಯಾಗುವಂಥದ್ದು, ಎತ್ತರವೇ ಕುಂಠಿತವಾಗುವಂಥದ್ದು. 1997ರಲ್ಲಿ ಭಾರತ ಮತ್ತು ದಕ್ಷಿಣ ಆಫ್ರಿಕಾದ ತಜ್ಞರು ಸೇರಿ ಇದನ್ನು ದಕ್ಷಿಣ ಆಫ್ರಿಕಾದ ಮ್ಸೆಲೆನಿ ಎಂಬಲ್ಲಿನ ಅಂಥದೇ ಕೀಲುಬೇನೆಯ ಜೊತೆ ಹೋಲಿಸಿ ನೋಡಿದರು. ಅನುವಂಶೀಯ ರೋಗಗಳ ಅಂತರರಾಷ್ಟ್ರೀಯ ಪಟ್ಟಿಯಲ್ಲಿ ಇಂದು 'ಹಂದಿಗೋಡು ಮಾದರಿ' ಎಂಬ ಹೆಸರೇ ಇದೆ.

'ಪ್ರಬಲ' ಎಂಬ ಪದವನ್ನು ಬಿಡಿಸಿ ಹೇಳಬೇಕು, ಏಕೆಂದರೆ ಊರುಗಳಲ್ಲಿ ಇಂಥ ಕಾಯಿಲೆಗೆ ಕೂಡಲೇ ಸಿಗುವ ಕಾರಣ 'ಸಂಬಂಧದಲ್ಲೇ ಮದುವೆ ಮಾಡಿಕೊಂಡರು' ಎಂಬುದು. ಹೆತ್ತವರಿಬ್ಬರಿಂದಲೂ ಕೆಟ್ಟ ಪ್ರತಿ ಬಂದರೆ ಮಾತ್ರ ಕಾಣಿಸುವ ದುರ್ಬಲ ಗುಣದ ಕಾಯಿಲೆಗಳಲ್ಲಿ ಆ ಮಾತಿಗೆ ಅರ್ಥವಿದೆ. ಅಕ್ಕನ ಮಗಳನ್ನು ಮದುವೆಯಾದರೆ ಹುಟ್ಟುವ ಮಗುವಿನ ಜೀನೋಮಿನಲ್ಲಿ ಸರಾಸರಿ ಎಂಟನೇ ಒಂದು ಭಾಗ ಎರಡೂ ಕಡೆಯಿಂದ ಒಂದೇ ಪಾಠವಾಗಿ ಬರುತ್ತದೆ. ಅತ್ತೆಯ ಅಥವಾ ಸೋದರಮಾವನ ಮಕ್ಕಳಾದರೆ ಹದಿನಾರನೇ ಒಂದು ಭಾಗ. ಅಡಗಿ ಕೂತಿದ್ದ ಕೆಟ್ಟ ಅಕ್ಷರ ಎರಡು ಪ್ರತಿಯಾಗಲು ಅದು ದಾರಿ. ಪ್ರಬಲ ಗುಣಕ್ಕೆ ಒಂದೇ ಪ್ರತಿ ಸಾಕು. ಕಾಯಿಲೆಯುಳ್ಳ ತಂದೆ ಅಥವಾ ತಾಯಿಯಿಂದ ಪ್ರತಿ ಮಗುವಿಗೂ ಅದು ಬರುವ ಸಾಧ್ಯತೆ ಅರ್ಧಕ್ಕರ್ಧ. ಮದುವೆ ಯಾವ ಊರಿಂದ ಆದರೂ ಅಷ್ಟೇ. ಈ ಮನೆಗಳವರ ಮದುವೆಯ ಪದ್ಧತಿಯನ್ನು ದೂರುವುದು ವಿಜ್ಞಾನದ ದೃಷ್ಟಿಯಲ್ಲೂ ತಪ್ಪು.

ಹಾಳೆಯ ಮೇಲೆ ವಂಶವೃಕ್ಷ

ಇಂಥ ಬೇನೆಯ ಮೂಲ ಅಕ್ಷರವನ್ನು ಹುಡುಕಲು ಮೊದಲು ಬೇಕಾದ ಸಲಕರಣೆ ಒಂದು ದೊಡ್ಡ ಹಾಳೆ ಮತ್ತು ಪೆನ್ಸಿಲ್. ಪೆನ್ ಬೇಡ, ಎರಡನೇ ಮನೆಗೆ ಹೋದಾಗ ಮೊದಲ ಮನೆಯವರು ಹೇಳಿದ್ದು ಬದಲಾಗುತ್ತದೆ. ಗಂಡಸಿಗೆ ಚೌಕ, ಹೆಂಗಸಿಗೆ ವೃತ್ತ. ಕಾಯಿಲೆ ಇದ್ದವರಿಗೆ ಒಳಗೆ ಕಪ್ಪು. ತೀರಿಕೊಂಡವರ ಮೇಲೆ ಓರೆಗೆರೆ. ಮದುವೆಗೆ ಅಡ್ಡಗೆರೆ, ಸಂಬಂಧದೊಳಗಿನ ಮದುವೆಯಾದರೆ ಜೋಡಿಗೆರೆ. ಎಳೆಗೂಸಾಗಿ ತೀರಿಕೊಂಡವರನ್ನು, ಹೊಟ್ಟೆಯಲ್ಲೇ ಹೋದವರನ್ನು ಬಿಡುವಂತಿಲ್ಲ. ಮದುವೆಯಾಗಿ ಹೊಸನಗರಕ್ಕೋ ಕೊಪ್ಪಕ್ಕೋ ಹೋದ ಹೆಣ್ಣುಮಕ್ಕಳನ್ನು ಬಿಡುವುದು ಎಲ್ಲರೂ ಮಾಡುವ ತಪ್ಪು. ಮನೆಯ ಗಂಡಸರನ್ನು ಕೇಳಿದರೆ ಗಂಡುಸಂತಾನದ ಗೆರೆ ಉದ್ದಕ್ಕೆ ಸಾಗುತ್ತದೆ, ಹೆಣ್ಣಿನ ಗೆರೆ ಒಂದೇ ತಲೆಮಾರಿಗೆ ಕಡಿದುಹೋಗುತ್ತದೆ. ಅಜ್ಜಿಯನ್ನು ಪ್ರತ್ಯೇಕವಾಗಿ ಕೂರಿಸಿ ಕೇಳಬೇಕು.

ಮಲೆನಾಡಿನಲ್ಲಿ ಇನ್ನೊಂದು ತೊಡಕು ಇದೆ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಶರಾವತಿ ಕಣಿವೆ ಮುಳುಗಿದಾಗ ಊರಿಗೆ ಊರೇ ಚದುರಿತು. ಒಂದೇ ಮನೆತನದ ಕವಲುಗಳು ಈಗ ಬೇರೆ ಬೇರೆ ತಾಲ್ಲೂಕಿನಲ್ಲಿವೆ, ಕೆಲವು ಕಡೆ ಹೊಸ ತಲೆಮಾರಿಗೆ ಪರಸ್ಪರ ಪರಿಚಯವೂ ಇಲ್ಲ. ಆದರೆ ಅದೇ ಮುಳುಗಡೆ ವಯಸ್ಸು ಗೊತ್ತು ಮಾಡಲು ನೆರವಾಗುತ್ತದೆ. ಹಿರಿಯರನ್ನು 'ನೋವು ಎಷ್ಟನೇ ವಯಸ್ಸಿಗೆ ಶುರುವಾಯಿತು' ಎಂದು ಕೇಳಿದರೆ ಉತ್ತರ ಸಿಗುವುದಿಲ್ಲ. 'ಅಜ್ಜಿ, ಹೊಳೆ ನೀರು ಊರಿಗೆ ಬರೋ ಹೊತ್ತಿಗೆ ಅಪ್ಪಯ್ಯ ನಟ್ಟಿಗೆ ಹೋಗ್ತಿದ್ರಾ?' ಎಂದರೆ ಸಿಗುತ್ತದೆ. ಇಂದಿರಾ ಗಾಂಧಿ ಚಿಕ್ಕಮಗಳೂರಿಗೆ ಚುನಾವಣೆಗೆ ಬಂದ 1978 ಕೂಡ ಇಂಥದೇ ಒಂದು ಗುರುತುಕಲ್ಲು.

ಈ ಹಾಳೆ ಎಷ್ಟು ದೊಡ್ಡದಿರಬೇಕು? ಲೆಕ್ಕ ಸರಳ. ಕಾಯಿಲೆ ಮತ್ತು ವರ್ಣತಂತುವಿನ ಒಂದು ಗುರುತು ಆಕಸ್ಮಿಕವಾಗಿ ಒಟ್ಟಿಗೆ ಬಂದಿವೆಯೋ, ಅಕ್ಕಪಕ್ಕ ಇರುವುದರಿಂದ ಬಂದಿವೆಯೋ ಎಂಬ ಪ್ರಶ್ನೆಯಲ್ಲಿ, ಹೆತ್ತವರಿಂದ ಮಗುವಿಗೆ ಆಗುವ ಪ್ರತಿ ಸ್ಪಷ್ಟ ವರ್ಗಾವಣೆ ಎರಡನೆಯ ಉತ್ತರದ ಬಲವನ್ನು ದುಪ್ಪಟ್ಟು ಮಾಡುತ್ತದೆ. ತಳಿವಿಜ್ಞಾನಿಗಳು ಒಪ್ಪುವ ಮಿತಿ ಸಾವಿರಕ್ಕೆ ಒಂದು. ಎರಡನ್ನು ಹತ್ತು ಸಲ ಗುಣಿಸಿದರೆ 1,024. ಅಂದರೆ ಅನುಮಾನವೇ ಇಲ್ಲದ ಹತ್ತು ವರ್ಗಾವಣೆ. ಈಗ ಮನೆಗೆ ಎರಡೇ ಮಕ್ಕಳು, ಹಾಗಾಗಿ ಒಂದು ಮನೆಯಲ್ಲಿ ಹತ್ತು ಸಿಗುವುದಿಲ್ಲ. ಮೂರು ತಲೆಮಾರು, ನಾಲ್ಕೈದು ಕವಲು ಸೇರಿಸಬೇಕು.

ಇಲ್ಲಿ ಕೆಲಸ ಕೆಡುವುದು ಎರಡು ಕಡೆ. ಮೊದಲನೆಯದು, ಕಿರಿಯರನ್ನು 'ಕಾಯಿಲೆ ಇಲ್ಲ' ಎಂದು ಬರೆದುಕೊಳ್ಳುವುದು. ನೋವು ತಡವಾಗಿ ಶುರುವಾಗುವ ಕಾಯಿಲೆಯಲ್ಲಿ ಹನ್ನೆರಡರ ಹುಡುಗನ ಚೌಕ ಬಿಳಿಯೂ ಅಲ್ಲ, ಕಪ್ಪೂ ಅಲ್ಲ. ಪ್ರಶ್ನೆಯ ಗುರುತು ಹಾಕಿ ಬಿಡಬೇಕು. ಎರಡನೆಯದು, ಮುದುಕರೆಲ್ಲರನ್ನೂ 'ಇದೆ' ಎನ್ನುವುದು. ಎಪ್ಪತ್ತು ವರ್ಷ ಗದ್ದೆ ಗೇಯ್ದವರ ಮಂಡಿ ನೋಯುವುದಕ್ಕೆ ಅಪರೂಪದ ಜೀನ್ ಬೇಕಿಲ್ಲ. ಹಾಗೆ ಸೇರಿದ ಒಬ್ಬ ತಪ್ಪು ವ್ಯಕ್ತಿ ಇಡೀ ಹುಡುಕಾಟವನ್ನು ಹಾಳು ಮಾಡಬಲ್ಲರು: ಕಾಯಿಲೆ ಇದ್ದವರೆಲ್ಲರಲ್ಲೂ ಇರುವ ಪಾಠಾಂತರ ಹುಡುಕು ಎಂದು ಗಣಕಕ್ಕೆ ಹೇಳಿದಾಗ, ಅವರಲ್ಲಿ ಇಲ್ಲವೆಂಬ ಕಾರಣಕ್ಕೆ ನಿಜವಾದ ಅಕ್ಷರವೇ ಪಟ್ಟಿಯಿಂದ ಬಿದ್ದುಹೋಗುತ್ತದೆ. ಅದಕ್ಕೇ ಬಾಯಿಮಾತಿನ ಮೇಲೆ ನಿಲ್ಲದೆ ಎರಡೂ ಸೊಂಟದ ಕೀಲು ಒಂದೇ ಫಿಲ್ಮಿನಲ್ಲಿ ಬರುವಂತೆ ಎದುರಿನಿಂದ ಒಂದು ಎಕ್ಸ್-ರೇ, ಬೆನ್ನುಮೂಳೆಯದು ಪಕ್ಕದಿಂದ ಒಂದು ತೆಗೆಸಬೇಕು. ಎತ್ತರವನ್ನು ನಿಂತು, ಕುಳಿತು ಎರಡೂ ಬಗೆಯಲ್ಲಿ ಅಳೆಯಬೇಕು. ಬೆನ್ನು ಗಿಡ್ಡವೋ ಕಾಲು ಗಿಡ್ಡವೋ ಎಂಬುದು ಅದರಲ್ಲೇ ಗೊತ್ತಾಗುತ್ತದೆ.

ರಕ್ತ, ಎಂಜಲು, ಮಳೆ

ರಕ್ತ ನೇರಳೆ ಮುಚ್ಚಳದ, ಹೆಪ್ಪುಗಟ್ಟದಂತೆ ತಡೆಯುವ ಇಡಿಟಿಎ ಇರುವ ಟ್ಯೂಬಿಗೆ, ಮೂರರಿಂದ ಐದು ಮಿಲಿ. ತೆಗೆದ ಕೂಡಲೇ ಎಂಟು ಹತ್ತು ಸಲ ಮೆಲ್ಲಗೆ ಮೇಲೆ ಕೆಳಗೆ ಮಾಡಬೇಕು, ಕುಲುಕಬಾರದು. ಮಾಡದಿದ್ದರೆ ಹೆಪ್ಪುಗಟ್ಟಿ ಡಿಎನ್‌ಎ ಗಂಟಿನೊಳಗೆ ಸಿಕ್ಕಿಕೊಳ್ಳುತ್ತದೆ. ನೇರಳೆ ಮುಗಿದಿದೆ ಎಂದು ಹಸಿರು ಮುಚ್ಚಳದ ಹೆಪಾರಿನ್ ಟ್ಯೂಬಿಗೆ ಹಾಕಿದರೆ ಮುಂದೆ ಡಿಎನ್‌ಎಯನ್ನು ನಕಲು ಮಾಡಿ ಹೆಚ್ಚಿಸುವ ಪಿಸಿಆರ್ ಹಂತದಲ್ಲಿ ಹೆಪಾರಿನ್ ಕಿಣ್ವವನ್ನು ತಡೆಯುತ್ತದೆ. ಸಾಗಿಸುವಾಗ ಐಸ್ ಪ್ಯಾಕಿಗೆ ಟ್ಯೂಬ್ ನೇರವಾಗಿ ತಾಗಬಾರದು, ಬಟ್ಟೆ ಸುತ್ತಬೇಕು. ಚಳಿಗೆ ಮಂಜುಗಡ್ಡೆಯಾಗಿ ಕರಗಿದ ರಕ್ತದಲ್ಲಿ ಕಣಗಳು ಒಡೆದಿರುತ್ತವೆ. ಮಳೆಗಾಲದಲ್ಲಿ ಶಾಯಿಯಲ್ಲಿ ಬರೆದ ಚೀಟಿ ಬೆಂಗಳೂರು ಮುಟ್ಟುವ ಹೊತ್ತಿಗೆ ಬರೀ ನೀಲಿ ಕಲೆ. ಚೀಟಿ ಮುದ್ರಿಸಿ ಅಂಟಿಸಬೇಕು, ಸಂಖ್ಯೆ ಹಾಳೆಯ ಮೇಲಿನ ಚೌಕಕ್ಕೋ ವೃತ್ತಕ್ಕೋ ತಾಳೆಯಾಗಬೇಕು. ಬರೀ ಹೆಸರು ಸಾಲದು, ಒಂದೇ ಕೇರಿಯಲ್ಲಿ ಒಂದೇ ಹೆಸರಿನವರು ನಾಲ್ಕು ಜನ ಸಿಗುತ್ತಾರೆ.

ಸೂಜಿಗೆ ಒಪ್ಪದವರಿಂದ ಎಂಜಲು ತೆಗೆದುಕೊಳ್ಳಬಹುದು. ತೆಗೆಯುವ ಮುನ್ನ ಅರ್ಧ ಗಂಟೆ ಏನನ್ನೂ ತಿನ್ನಬಾರದು, ಕುಡಿಯಬಾರದು. ನಮ್ಮ ಕಡೆ ಮುಖ್ಯವಾದ ಎಚ್ಚರಿಕೆ ಕವಳದ್ದು: ಎಲೆ ಅಡಿಕೆ ಹಾಕಿದ ಬಾಯಿಯ ಎಂಜಲಿನಲ್ಲಿ ಸಸ್ಯದ ಚೂರು, ಸುಣ್ಣ, ಅಡಿಕೆಯ ಒಗರು ಎಲ್ಲ ಸೇರಿರುತ್ತದೆ, ಸಸ್ಯಗಳ ಪಾಲಿಫಿನಾಲ್‌ಗಳು ಪಿಸಿಆರ್ ಕೆಡಿಸುತ್ತವೆ. ಬಾಯಿ ಚೆನ್ನಾಗಿ ತೊಳೆಸಿ, ಕಾದು, ಆಮೇಲೆ ತೆಗೆಯಬೇಕು.

ಪ್ರಯೋಗಾಲಯದಲ್ಲಿ ಮುಂದಿನದು ಬಹುಮಟ್ಟಿಗೆ ಯಂತ್ರದ ಕೆಲಸ. ಡಿಎನ್‌ಎಯನ್ನು ಕೆಲವು ನೂರು ಅಕ್ಷರದ ತುಣುಕು ಮಾಡಿ, ಪ್ರತಿ ತುಣುಕಿನ ಎರಡೂ ತುದಿಯಿಂದ ತಲಾ 150 ಅಕ್ಷರ ಓದುತ್ತದೆ. ಪ್ರತಿ ಜಾಗವೂ ಸರಾಸರಿ 30 ಸಲ ಓದಾಗಬೇಕೆಂದರೆ ಒಟ್ಟು ಒಂಬತ್ತು ಸಾವಿರ ಕೋಟಿ ಅಕ್ಷರ, ಅಂದರೆ ಮೂವತ್ತು ಕೋಟಿ ತುಣುಕು. ಮೂವತ್ತೇ ಏಕೆ? ಪ್ರಬಲ ಗುಣದ ಕಾಯಿಲೆಯಲ್ಲಿ ಎರಡು ಪ್ರತಿಯಲ್ಲಿ ಒಂದರಲ್ಲಿ ಮಾತ್ರ ಅಕ್ಷರ ಬೇರೆ. ಒಂದು ಜಾಗ ನಾಲ್ಕೇ ಸಲ ಓದಾದರೆ ಹದಿನಾರರಲ್ಲಿ ಒಂದು ಸಲ ಆ ಬೇರೆ ಅಕ್ಷರ ಕಣ್ಣಿಗೇ ಬೀಳುವುದಿಲ್ಲ, ನಾಲ್ಕೂ ತುಣುಕು ಸರಿಯಿರುವ ಪ್ರತಿಯಿಂದಲೇ ಬಂದಿರುತ್ತವೆ. ಎಂಟು ಸಲವಾದರೆ 256ರಲ್ಲಿ ಒಂದು. ಮೂವತ್ತು ಸರಾಸರಿಯಾದ್ದರಿಂದ ಕೆಲವು ಜಾಗ ಹತ್ತಕ್ಕೂ ಇಳಿಯುತ್ತದೆ, ಅದನ್ನೂ ತಾಳಿಕೊಳ್ಳಲು ಈ ಅಂತರ. ಖರ್ಚು ಉಳಿಸಲು ಪ್ರೋಟೀನ್ ತಯಾರಿಸುವ ಭಾಗ ಮಾತ್ರ, ಅಂದರೆ ಎಕ್ಸೋಮ್ ಎಂಬ ಶೇ. 1ರಿಂದ 2ರಷ್ಟು ಪಾಲು ಓದುವುದುಂಟು. ದೋಷ ಅದರ ಹೊರಗಿದ್ದರೆ, ಅಥವಾ ಒಂದು ದೊಡ್ಡ ತುಂಡೇ ಬಿದ್ದುಹೋಗಿದ್ದರೆ, ಎಕ್ಸೋಮ್ ವರದಿ 'ಏನೂ ಇಲ್ಲ' ಎನ್ನುತ್ತದೆ. ಆ ಎರಡು ಪದವನ್ನು ಕಾಯಿಲೆ ವಂಶದ್ದಲ್ಲ ಎಂದು ಓದಿಕೊಳ್ಳಬಾರದು.

ಯಾರ ರಕ್ತವನ್ನು ಮೊದಲು ಓದಿಸಬೇಕು ಎಂಬುದರಲ್ಲೇ ಅರ್ಧ ಜಾಣತನವಿದೆ. ಒಬ್ಬ ರೋಗಿಯಲ್ಲಿ ಅಪರೂಪದ, ಪ್ರೋಟೀನ್ ಬದಲಿಸುವ 400 ಪಾಠಾಂತರ ಸಿಕ್ಕವು ಎಂದಿಟ್ಟುಕೊಳ್ಳೋಣ. ಅವರ ಅಣ್ಣನನ್ನೂ ಓದಿಸಿದರೆ ಅರ್ಧ, ಅಂದರೆ 200, ಇಬ್ಬರಲ್ಲೂ ಇರುತ್ತವೆ, ದುಡ್ಡು ದಂಡ. ಕಾಯಿಲೆಯಿರುವ ಚಿಕ್ಕಪ್ಪನ ಮಗನಾದರೆ ಎಂಟನೇ ಒಂದು, 50. ಅಜ್ಜಂದಿರು ಅಣ್ಣತಮ್ಮಂದಿರಾಗಿರುವ ದೂರದ ಸಂಬಂಧಿಯಾದರೆ ಮೂವತ್ತೆರಡನೇ ಒಂದು, ಹನ್ನೆರಡು ಹದಿಮೂರು. ಅಂಥ ದೂರದ ಮೂರನೆಯವರೊಬ್ಬರು ಸೇರಿದರೆ ಪಟ್ಟಿ ಕೈಬೆರಳಿಗೆ ಇಳಿಯುತ್ತದೆ. ಮುಳುಗಡೆಯಲ್ಲಿ ಚದುರಿದ ಕವಲು ಎಲ್ಲಿದೆ ಎಂದು ಹುಡುಕಿ ಹಾಳೆಗೆ ಸೇರಿಸಿದ ಆರೋಗ್ಯ ಕಾರ್ಯಕರ್ತೆಯ ಒಂದು ದಿನದ ಓಡಾಟ ಎಷ್ಟೋ ಲಕ್ಷ ರೂಪಾಯಿಯ ಓದಿಗೆ ಸಮ.

ಹತ್ತು ಸಾವಿರ ಭಾರತೀಯರ ಪಾಠ

'ಅಪರೂಪದ' ಎಂಬುದನ್ನು ಯಾರ ನಡುವೆ ಅಳೆಯುವುದು? ಇಲ್ಲಿಗೆ ಈಚಿನ ಸುದ್ದಿ ಬಂದು ಸೇರುತ್ತದೆ. ಮೂಲ ಮಾನವ ಜೀನೋಮ್ ಯೋಜನೆಯಲ್ಲಿ ಆರು ದೇಶಗಳಿದ್ದವು, ಭಾರತ ಇರಲಿಲ್ಲ. ಜೀನೋಮ್ ಇಂಡಿಯಾ ಯೋಜನೆಗೆ 2020ರಲ್ಲಿ ಒಪ್ಪಿಗೆ ಸಿಕ್ಕಿತು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಆವರಣದಲ್ಲಿರುವ ಮಿದುಳು ಸಂಶೋಧನಾ ಕೇಂದ್ರದ ಮುಂದಾಳತ್ವದಲ್ಲಿ 20 ಸಂಸ್ಥೆಗಳು ದೇಶದ 80ಕ್ಕೂ ಹೆಚ್ಚು ಸಮುದಾಯಗಳ ಆರೋಗ್ಯವಂತರಿಂದ ರಕ್ತ ಸಂಗ್ರಹಿಸಿ, ಹತ್ತು ಸಾವಿರ ಪೂರ್ಣ ಜೀನೋಮ್ ಓದಿದವು. 2025ರ ಜನವರಿ 9ರಂದು ಆ ದತ್ತಾಂಶ ಫರೀದಾಬಾದಿನ ಭಾರತೀಯ ಜೈವಿಕ ದತ್ತಾಂಶ ಕೇಂದ್ರದ ಮೂಲಕ ಸಂಶೋಧಕರಿಗೆ ತೆರೆಯಿತು. ಸುಮಾರು 18 ಕೋಟಿ ಪಾಠಾಂತರಗಳು ಅದರಲ್ಲಿವೆ.

ಇದರ ಬೆಲೆ ಒಂದು ಉದಾಹರಣೆಯಲ್ಲಿ ತಿಳಿಯುತ್ತದೆ. ಹೃದಯದ ಸ್ನಾಯುವಿಗೆ ಸಂಬಂಧಿಸಿದ ಎಂವೈಬಿಪಿಸಿ3 ಎಂಬ ಜೀನ್‌ನಲ್ಲಿ 25 ಅಕ್ಷರ ಬಿದ್ದುಹೋಗಿರುವ ಒಂದು ಪಾಠಾಂತರ ಭಾರತ ಉಪಖಂಡದಲ್ಲಿ ನೂರಕ್ಕೆ ಸುಮಾರು ನಾಲ್ವರಲ್ಲಿದೆ, ಬೇರೆ ಖಂಡಗಳಲ್ಲಿ ಕಾಣುವುದೇ ಅಪರೂಪ. ಯುರೋಪಿನ ಪಟ್ಟಿಯೊಂದನ್ನೇ ಇಟ್ಟುಕೊಂಡು ಇಲ್ಲಿನವರ ಜೀನೋಮ್ ಓದಿದರೆ ಇಂಥವೆಲ್ಲ 'ಅತಿ ಅಪರೂಪ, ಆದ್ದರಿಂದ ಅಪಾಯಕಾರಿ' ಎಂಬ ಸಾಲಿಗೆ ಬಂದು ನಿಲ್ಲುತ್ತವೆ. ನಿಜವಾದ ದೋಷಿ ಆ ಗುಂಪಿನಲ್ಲಿ ಕಳೆದುಹೋಗುತ್ತದೆ.

ಹತ್ತು ಸಾವಿರವೂ ಒಂದು ಊರಿಗೆ ಸಾಲುವುದಿಲ್ಲ. ಒಳಗೊಳಗೇ ಮದುವೆಯಾಗುತ್ತ ಬಂದ ಸಣ್ಣ ಸಮುದಾಯದಲ್ಲಿ, ದೇಶದ ಬೇರೆಲ್ಲೂ ಇಲ್ಲದ ಒಂದು ನಿರುಪದ್ರವಿ ಅಕ್ಷರ ಮೂವತ್ತು ಮನೆಗಳಲ್ಲಿ ಇರಬಹುದು, ಮೂಲದ ಒಬ್ಬ ಪೂರ್ವಜರಿಂದ ಬಂದಿರಬಹುದು. ರೋಗಿಗಳೆಲ್ಲರಲ್ಲೂ ಇದೆ ಎಂದು ಅದನ್ನೇ ಹಿಡಿದರೆ ಮೋಸ ಹೋದಂತೆ. ಇದಕ್ಕೆ ಮದ್ದು ಅದೇ ಸಮುದಾಯದ, ಎಕ್ಸ್-ರೇ ಸರಿಯಿರುವ, ವಯಸ್ಸಾದ ಜನರನ್ನು ಹೋಲಿಕೆಗೆ ಓದಿಸುವುದು. ಎಷ್ಟು ಜನ? ಶೇ. 1ರಷ್ಟು ಪ್ರತಿಗಳಲ್ಲಿ ಇರುವ ಅಕ್ಷರ 50 ಜನರಲ್ಲಿ, ಅಂದರೆ 100 ಪ್ರತಿಗಳಲ್ಲಿ, ಒಂದರಲ್ಲೂ ಸಿಗದೇ ಹೋಗುವ ಸಾಧ್ಯತೆ ನೂರಕ್ಕೆ 37. 150 ಜನರನ್ನು ಓದಿದರೆ ಅದು ನೂರಕ್ಕೆ 5ಕ್ಕೆ ಇಳಿಯುತ್ತದೆ. ಎಲ್ಲರ ಇಡೀ ಜೀನೋಮ್ ಓದಬೇಕಿಲ್ಲ, ಅನುಮಾನದ ಆ ಒಂದು ಜಾಗ ಓದಿದರೆ ಸಾಕು. ಅದು ಸಣ್ಣ ಖರ್ಚು. ಆದರೆ 150 ಜನ ಬಾಗಿಲು ತೆರೆಯಬೇಕು.

ಬಾಗಿಲು ಏಕೆ ತೆರೆಯಬೇಕು ಎಂಬುದು ನ್ಯಾಯವಾದ ಪ್ರಶ್ನೆ. ಶಿವಮೊಗ್ಗ ಜಿಲ್ಲೆಯ ಎರಡು ಊರುಗಳ ಹೆಸರು ಜಗತ್ತಿನ ವೈದ್ಯ ಪಠ್ಯಗಳಲ್ಲಿ ಕಾಯಿಲೆಯ ಹೆಸರಾಗಿ ಕೂತಿದೆ, ಕ್ಯಾಸನೂರು ಮತ್ತು ಹಂದಿಗೋಡು. ಹೆಣ್ಣು ಕೇಳಲು ಬಂದವರು ಊರ ಹೆಸರು ಕೇಳಿಯೇ ಹಿಂದೆ ಸರಿಯುವ ಪರಿಸ್ಥಿತಿಯನ್ನು ಯಾವ ಜೀನೋಮ್ ಪುಸ್ತಕವೂ ಲೆಕ್ಕಕ್ಕೆ ತೆಗೆದುಕೊಂಡಿಲ್ಲ. ಆದ್ದರಿಂದ ಒಪ್ಪಿಗೆ ಪತ್ರ ಎಂಬುದು ಹೆಬ್ಬೆಟ್ಟು ಒತ್ತಿಸಿಕೊಳ್ಳುವ ಕಾಗದವಾಗಬಾರದು. ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ 2017ರ ನೀತಿಸಂಹಿತೆ ತಿಳಿವಳಿಕೆಯ ಒಪ್ಪಿಗೆ ಕಡ್ಡಾಯ ಎನ್ನುತ್ತದೆ, ಓದಲು ಬಾರದವರಿಗೆ ತಂಡಕ್ಕೆ ಸೇರದ ಸಾಕ್ಷಿಯೊಬ್ಬರು ಇರಬೇಕು ಎನ್ನುತ್ತದೆ. ಕನ್ನಡದಲ್ಲಿ, ಗಟ್ಟಿಯಾಗಿ ಓದಿ ಹೇಳಿ, ನಾಲ್ಕು ವಿಷಯ ಬಿಡಿಸಿ ಕೇಳಬೇಕು. ರಕ್ತ ಎಷ್ಟು ವರ್ಷ, ಎಲ್ಲಿ ಇಡುತ್ತಾರೆ? ಬೇರೆ ಸಂಶೋಧನೆಗೆ ಕೊಡುತ್ತಾರೆಯೇ? ಹುಡುಕದೇ ಸಿಕ್ಕ ಬೇರೆ ಕಾಯಿಲೆಯ ವಿಷಯವನ್ನು ನಮಗೆ ತಿಳಿಸುತ್ತಾರೆಯೇ, ನಮಗೆ ಬೇಡವಾದರೆ ಹೇಳದಿರುತ್ತಾರೆಯೇ? ವಂಶವೃಕ್ಷವನ್ನು ಪ್ರಕಟಿಸುವಾಗ ಗುರುತು ಸಿಗದಂತೆ ಬದಲಿಸುತ್ತಾರೆಯೇ? ಕೊನೆಯದು ಸಣ್ಣ ವಿಷಯವಲ್ಲ. ಹೆಸರು ಅಳಿಸಿದರೂ ಊರಿನವರಿಗೆ ಹಾಳೆಯ ಆಕಾರ ಸಾಕು: ಎರಡು ಮದುವೆ, ಏಳು ಮಕ್ಕಳು, ಒಬ್ಬ ಬಾವಿಗೆ ಬಿದ್ದು ಸತ್ತ ಎಂದರೆ ಯಾರ ಮನೆ ಎಂದು ಕ್ಷಣದಲ್ಲಿ ತಿಳಿಯುತ್ತದೆ. ಇನ್ನೂ ಸೂಕ್ಷ್ಮವಾದದ್ದು, ಓದಿನಲ್ಲಿ ಮಗು ಹೇಳಿದ ತಂದೆಯದಲ್ಲ ಎಂದು ಗೊತ್ತಾಗುವ ಸಂದರ್ಭ. ಅದನ್ನು ಯಾರಿಗೂ ಹೇಳುವುದಿಲ್ಲ ಎಂದು ತಂಡ ಮೊದಲೇ ತೀರ್ಮಾನಿಸಿ ಬರೆದಿಟ್ಟುಕೊಂಡಿರಬೇಕು.

ವರದಿಯ ಭಾಷೆಯನ್ನೂ ತಿಳಿದಿರಬೇಕು. 2015ರಿಂದ ಬಳಕೆಯಲ್ಲಿರುವ ಅಮೆರಿಕದ ವೈದ್ಯಕೀಯ ತಳಿವಿಜ್ಞಾನ ಕಾಲೇಜಿನ ಕ್ರಮದಲ್ಲಿ ಪಾಠಾಂತರಗಳಿಗೆ ಐದು ದರ್ಜೆ: ರೋಗಕಾರಕ, ಬಹುಶಃ ರೋಗಕಾರಕ, ಅರ್ಥ ಅನಿಶ್ಚಿತ, ಬಹುಶಃ ನಿರುಪದ್ರವಿ, ನಿರುಪದ್ರವಿ. ತೊಂದರೆಯೆಲ್ಲ ನಡುವಿನದರಲ್ಲಿ. 'ಅರ್ಥ ಅನಿಶ್ಚಿತ' ಎಂದು ಬಂದ ವರದಿ ಹಿಡಿದು ಮದುವೆ ಮುರಿಯುವುದು, ಗರ್ಭ ತೆಗೆಸುವುದು ಆಗಬಾರದು. ಆ ಸಾಲು ಹೇಳುವುದು ಇಷ್ಟೇ: ಇದು ಪಾಠಾಂತರ, ಅರ್ಥ ಮಾಡಲು ಇನ್ನಷ್ಟು ಪ್ರತಿಗಳು ಬೇಕು. ಅದನ್ನು ಮೇಲಕ್ಕೋ ಕೆಳಕ್ಕೋ ಸರಿಸುವ ಸಾಕ್ಷ್ಯ ಎಲ್ಲಿದೆ ಎಂದರೆ ಮತ್ತೆ ಅದೇ ಹಾಳೆಯಲ್ಲಿ. ಕಾಯಿಲೆಯಿರುವ ಅತ್ತೆಯಲ್ಲಿ ಆ ಅಕ್ಷರ ಇದೆಯೇ, ಎಂಬತ್ತರಲ್ಲೂ ನೆಟ್ಟಗೆ ನಡೆಯುವ ದೊಡ್ಡಪ್ಪನಲ್ಲಿ ಇದೆಯೇ? ದೊಡ್ಡಪ್ಪನಲ್ಲಿ ಇದ್ದರೆ ಆ ಅಕ್ಷರದ ಮೇಲಿನ ಅನುಮಾನ ಬಹುಮಟ್ಟಿಗೆ ಕಡಿಮೆಯಾಗುತ್ತದೆ.

ಜೀನ್ ಸಿಕ್ಕಿತೆಂದರೆ ಮದ್ದು ಸಿಕ್ಕಿತೆಂದಲ್ಲ. ಹಂಟಿಂಗ್ಟನ್ ಜೀನ್ ಸಿಕ್ಕು ಮೂವತ್ತು ವರ್ಷ ಮೀರಿತು, ಮರಕೈಬೊ ದಡದ ಮನೆಗಳವರು ಈಗಲೂ ಅದೇ ಕಾಯಿಲೆಯಲ್ಲಿ ಸಾಯುತ್ತಾರೆ. ಮೂಳೆಯ ಕಾಯಿಲೆಯಲ್ಲಿ ಸ್ಥಿತಿ ಅಷ್ಟು ಕಠಿಣವಲ್ಲ. ಯಾವ ಮಗುವಿಗೆ ಬರಲಿದೆ ಎಂದು ಮೊದಲೇ ತಿಳಿದರೆ ಭಾರ ಹೊರುವ ಕೆಲಸಕ್ಕೆ ಕಳಿಸದೆ ಬೇರೆ ದಾರಿ ನೋಡಬಹುದು, ತೂಕ ಏರದಂತೆ ನೋಡಿಕೊಳ್ಳಬಹುದು, ವರ್ಷಕ್ಕೊಮ್ಮೆ ಎಕ್ಸ್-ರೇ ತೆಗೆಸಿ ಸೊಂಟದ ಕೀಲು ಬದಲಿಸುವ ಶಸ್ತ್ರಚಿಕಿತ್ಸೆಯನ್ನು ಸರಿಯಾದ ವಯಸ್ಸಿಗೆ ಇಟ್ಟುಕೊಳ್ಳಬಹುದು. ಅಂಗವೈಕಲ್ಯ ಪ್ರಮಾಣಪತ್ರ, ಪಿಂಚಣಿಗೂ ಕಾಯಿಲೆಯ ಹೆಸರು ಕಾಗದದ ಮೇಲೆ ಇದ್ದರೆ ಅಲೆದಾಟ ಕಡಿಮೆ. ಕೂಲಿಯ ಮನೆಗೆ ಇವು ಸಣ್ಣ ಲಾಭಗಳಲ್ಲ.

ಇಂಥ ತೊಂದರೆ ಇರುವ ಮನೆಯವರು ಸದ್ಯ ಹೋಗಬಹುದಾದ ದಾರಿ ಶಿವಮೊಗ್ಗದ ಸರ್ಕಾರಿ ವೈದ್ಯಕೀಯ ಕಾಲೇಜು ಆಸ್ಪತ್ರೆಯ ಮೂಳೆ ಅಥವಾ ಮಕ್ಕಳ ವಿಭಾಗ, ಅಲ್ಲಿಂದ ಪತ್ರ ಪಡೆದು ಬೆಂಗಳೂರು. ಕೇಂದ್ರ ಸರ್ಕಾರದ 2021ರ ಅಪರೂಪದ ಕಾಯಿಲೆಗಳ ನೀತಿಯಡಿ ಕರ್ನಾಟಕದ ಕೇಂದ್ರವಾಗಿ ಸೆಂಟರ್ ಫಾರ್ ಹ್ಯೂಮನ್ ಜೆನೆಟಿಕ್ಸ್ ಮತ್ತು ಇಂದಿರಾ ಗಾಂಧಿ ಮಕ್ಕಳ ಆಸ್ಪತ್ರೆ ಒಟ್ಟಿಗೆ ಗುರುತಾಗಿವೆ. ರಾತ್ರಿ ರೈಲು ಹತ್ತುವ ಮುನ್ನ ಚೀಲದಲ್ಲಿ ಇರಬೇಕಾದ್ದು: ಹಳೆಯ ಎಕ್ಸ್-ರೇಗಳು, ಮಡಚದೆ ಎರಡು ರಟ್ಟಿನ ನಡುವೆ, ಮಗುವಿನ ತಾಯಿ ಕಾರ್ಡ್, ಅದರಲ್ಲಿ ಹುಟ್ಟಿದಾಗಿನ ತೂಕ ಇರುತ್ತದೆ, ಶಾಲೆಯಲ್ಲಿ ವರ್ಷ ವರ್ಷ ಅಳೆದ ಎತ್ತರ ಇದ್ದರೆ ಅದರ ನಕಲು, ಈಚೆಗೆ ರಕ್ತ ಹಾಕಿಸಿಕೊಂಡಿದ್ದರೆ ಅದರ ತಾರೀಖು, ಏಕೆಂದರೆ ದಾನಿಯ ಬಿಳಿ ರಕ್ತಕಣಗಳೂ ಮಾದರಿಯಲ್ಲಿ ಬೆರೆಯಬಹುದು. ಇವುಗಳ ಜೊತೆ ಮನೆಯಲ್ಲೇ ಅಜ್ಜಿಯ ಎದುರು ಕೂತು ಪೆನ್ಸಿಲ್‌ನಲ್ಲಿ ಬರೆದ ಆ ಹಾಳೆ, ಹೆಣ್ಣುಮಕ್ಕಳು ಹೋದ ಊರುಗಳ ಹೆಸರು ಸಮೇತ. ಮೂಲ ಪ್ರತಿ ಮನೆಯಲ್ಲೇ ಇರಲಿ, ಆಸ್ಪತ್ರೆಗೆ ಜೆರಾಕ್ಸ್ ಕೊಡಿ.